ಹಿಟ್ಟಿಗೆ ಎಷ್ಟು ಜ್ವರ?

ರಜೆಯಲ್ಲಿ ಬೇಕರಿ ಪಾಠಕ್ಕೆ ಸೇರುವವರು ಕೇಕಿನ ಮೇಲೆ ಕ್ರೀಮಿನ ಹೂ ಬಿಡಿಸುವ ಕನಸು ಹೊತ್ತು ಬರುತ್ತಾರೆ. ಮೊದಲ ದಿನ ಕೈಗೆ ಬರುವುದು ನೀರಿನ ಚೊಂಬು. ಫ್ರೇಜರ್ ಟೌನಿನ ಮಾಸ್ಕ್ ರೋಡಿನಿಂದ ಒಳಕ್ಕೆ ಹೋಗುವ ಗಲ್ಲಿಯೊಂದರಲ್ಲಿ, ಬದುಕಿಡೀ ಭಟ್ಟಿಯ ಮುಂದೆ ನಿಂತು ಈಗ ಮನೆಯ ಹಿತ್ತಲಿನಲ್ಲಿ ಬೇಸಿಗೆ ರಜೆಗೆ ನಾಲ್ಕಾರು ಮಂದಿಗೆ ಕಲಿಸುವ ಮಾಸ್ಟರ್ ಒಬ್ಬರ ಬಳಿ ನಾನು ಪಾಠಕ್ಕೆ ಕೂತದ್ದು ಏಪ್ರಿಲ್‌ನಲ್ಲಿ. ಜೊತೆಗೆ ರಜೆಗೆಂದು ದಾವಣಗೆರೆಯಿಂದ ಅತ್ತೆಯ ಮನೆಗೆ ಬಂದಿದ್ದ ಕಾಲೇಜು ಹುಡುಗಿ, ನಿವೃತ್ತ ಬ್ಯಾಂಕ್ ನೌಕರರು, ಹಲಸೂರಿನ ಇಬ್ಬರು ಗೃಹಿಣಿಯರು. ಮಾಸ್ಟರ್ ಕೇಳಿದ ಮೊದಲ ಪ್ರಶ್ನೆ: “ಹೇಳಿ ಸಾರ್, ಇವತ್ತು ನೀರಿಗೆ ಐಸ್ ಬೇಕಾ, ಬೇಡ್ವಾ?”

ಅದು ಪೂರ್ತಿ ಭೌತವಿಜ್ಞಾನದ ಪ್ರಶ್ನೆ. ನಾದಿ ಮುಗಿಸಿದಾಗ ಬ್ರೆಡ್ಡಿನ ಹಿಟ್ಟಿನ ಒಳಗೆ ಸುಮಾರು 26 ಡಿಗ್ರಿ ಸೆಲ್ಸಿಯಸ್ ಇರಬೇಕು. ಅದನ್ನು ಸಾಧಿಸಲು ಜಗತ್ತಿನ ಎಷ್ಟೋ ಬೇಕರಿಗಳು ಬಳಸುವ ಸುಲಭದ ಲೆಕ್ಕವೊಂದಿದೆ. ಬೇಕಾದ ಉಷ್ಣತೆಯನ್ನು ಮೂರರಿಂದ ಗುಣಿಸಿ, 78 ಆಯಿತು. ಅದರಲ್ಲಿ ಕೋಣೆಯ ಉಷ್ಣತೆ, ಮೈದಾದ ಉಷ್ಣತೆ ಮತ್ತು ನಾದುವ ತಿಕ್ಕಾಟದಿಂದ ಏರುವ ಉಷ್ಣತೆಯನ್ನು ಕಳೆಯಿರಿ. ಉಳಿದದ್ದೇ ನೀರಿಗೆ ಇರಬೇಕಾದ ಉಷ್ಣತೆ. ಏಪ್ರಿಲ್ ಮಧ್ಯಾಹ್ನ ಕೋಣೆ 33, ಮೂಟೆಯಲ್ಲಿರುವ ಮೈದಾವೂ 33, ಕೈಯಲ್ಲಿ ನಾದಿದರೆ ತಿಕ್ಕಾಟಕ್ಕೆ 2 ಎಂದಿಟ್ಟುಕೊಳ್ಳಿ. 78ರಲ್ಲಿ 68 ಹೋದರೆ 10. ನಲ್ಲಿಯ ನೀರು ಆ ಹೊತ್ತಿನಲ್ಲಿ ಅಷ್ಟು ತಣ್ಣಗೆ ಬರುವ ಮಾತೇ ಇಲ್ಲ, ಐಸ್ ಹಾಕಲೇಬೇಕು. ಅದೇ ಡಿಸೆಂಬರಿನ ಬೆಳಗ್ಗೆ ಕೋಣೆಯೂ ಮೈದಾವೂ 19 ಡಿಗ್ರಿಯಲ್ಲಿದ್ದರೆ ನೀರು 38 ಡಿಗ್ರಿ ಇರಬೇಕು, ಎಂದರೆ ಮೈಗಿಂತ ತುಸು ಬೆಚ್ಚಗೆ. ನೀರಿನ ವಿಶಿಷ್ಟೋಷ್ಣ ಮೈದಾದ ಎರಡು ಪಟ್ಟಿಗಿಂತ ಹೆಚ್ಚು. ಅದಕ್ಕೇ ಹಿಟ್ಟಿನ ಜ್ವರ ಏರಿಸಲು, ಇಳಿಸಲು ನೀರಿಗಿಂತ ಸುಲಭದ ಉಪಾಯ ಇನ್ನೊಂದಿಲ್ಲ.

ಮಾಸ್ಟರ್‌ಗೆ ಈ ಸೂತ್ರ ಗೊತ್ತಿಲ್ಲ. ಅವರು ಅಂಗೈ ಹಿಂಬದಿಯನ್ನು ಮೈದಾದ ರಾಶಿಗೆ ಒತ್ತಿ, ಆಮೇಲೆ ಗೋಡೆಗೆ ಒತ್ತಿ, ಐಸಿನ ತುಂಡುಗಳನ್ನು ಚೊಂಬಿಗೆ ಹಾಕಿ ಕಲಕಿದರು. ನಾನು ಒಯ್ದಿದ್ದ ಥರ್ಮಾಮೀಟರು ಆ ನೀರಿಗೆ 11 ಡಿಗ್ರಿ ತೋರಿಸಿತು. ಇದನ್ನು ಪವಾಡ ಎಂದು ಹೇಳಲು ನನಗೆ ಮನಸ್ಸಿಲ್ಲ. ಸಾವಿರಾರು ಬಾರಿ ಮಾಡಿ, ಪ್ರತಿ ಬಾರಿಯೂ ಫಲಿತಾಂಶವನ್ನು ಕಣ್ಣಾರೆ ನೋಡಿದವನ ಚರ್ಮ ಒಂದು ಉಪಕರಣವೇ ಆಗುತ್ತದೆ, ಅಷ್ಟೆ. ಕೈಯಿಂದ ಕಲಿಯುವ ಪಾಠದ ಬೆಲೆ ಇರುವುದೂ ಇಲ್ಲೇ. ರೆಸಿಪಿ ಪುಸ್ತಕದಲ್ಲಿ ಸಿಗುತ್ತದೆ. ಆ ದಿನದ ಹಿಟ್ಟು ಪುಸ್ತಕದಲ್ಲಿ ಸಿಗುವುದಿಲ್ಲ.

26 ಡಿಗ್ರಿಯೇ ಏಕೆ? ಉತ್ತರ ಈಸ್ಟಿನಲ್ಲಿದೆ. ಬೇಕರಿ ಈಸ್ಟ್ ಎಂದರೆ ಸ್ಯಾಕರೋಮೈಸಿಸ್ ಸೆರೆವಿಸಿಯೆ ಎಂಬ ಏಕಕೋಶ ಶಿಲೀಂಧ್ರ. ಒಂದು ಕೋಶದ ಅಗಲ ಸುಮಾರು 5 ಮೈಕ್ರಾನ್. ಬೆಣ್ಣೆಯ ಗಟ್ಟಿಯ ಹಾಗೆ ಸಿಗುವ ಒತ್ತಿದ ಹಸಿ ಈಸ್ಟಿನ ಒಂದು ಗ್ರಾಂನಲ್ಲಿ ಸಾವಿರ ಕೋಟಿಯಷ್ಟು ಕೋಶಗಳಿರುತ್ತವೆ. ಒಂದು ಕಿಲೋ ಮೈದಾಕ್ಕೆ 20 ಗ್ರಾಂ ಹಾಕಿದರೆ ಇಪ್ಪತ್ತು ಸಾವಿರ ಕೋಟಿ ಜೀವಿಗಳನ್ನು ಕೆಲಸಕ್ಕೆ ಹಚ್ಚಿದಂತೆ. ಅವು ಸಕ್ಕರೆಯನ್ನು ಆಲ್ಕೋಹಾಲ್ ಮತ್ತು ಇಂಗಾಲದ ಡೈಆಕ್ಸೈಡ್ ಆಗಿ ಒಡೆಯುತ್ತವೆ. ಉಷ್ಣತೆ ಹತ್ತು ಡಿಗ್ರಿ ಏರಿದರೆ ಅವುಗಳ ವೇಗ ಹೆಚ್ಚುಕಡಿಮೆ ಇಮ್ಮಡಿಯಾಗುತ್ತದೆ. 35 ಡಿಗ್ರಿಯಲ್ಲಿ ಅನಿಲ ಭರ್ತಿಯಾಗಿ ಬರುತ್ತದೆ, ಆದರೆ ಹಿಟ್ಟು ಗಟ್ಟಿಯಾಗುವ ಮೊದಲೇ ಉಬ್ಬಿ, ಹುಳಿ ನಾತ ಬಂದು ಕುಸಿಯುತ್ತದೆ. 20ರಲ್ಲಿ ಬಿಟ್ಟರೆ ರುಚಿ ಚೆನ್ನಾಗಿ ಕೂಡುತ್ತದೆ, ಅಂಗಡಿ ಬಾಗಿಲು ತೆಗೆಯುವ ಹೊತ್ತಿಗೆ ಬ್ರೆಡ್ ಇರುವುದಿಲ್ಲ. 26 ಇವೆರಡರ ನಡುವಿನ ರಾಜಿ. 55 ಡಿಗ್ರಿ ದಾಟಿದರೆ ಈಸ್ಟ್ ಸತ್ತೇಹೋಗುತ್ತದೆ. ‘ಈಸ್ಟಿಗೆ ಬಿಸಿನೀರು’ ಎಂದು ಓದಿಕೊಂಡು ಕುದಿಯುವ ನೀರು ಸುರಿದವರ ಬನ್ನುಗಳು ಕಲ್ಲಾಗುವುದು ಇದರಿಂದಲೇ.

ಇನ್ನು ಬೆಂಗಳೂರು ನಿಂತಿರುವ ಎತ್ತರ. ಸಮುದ್ರಮಟ್ಟದಿಂದ ಸುಮಾರು 920 ಮೀಟರ್ ಮೇಲಿರುವ ಈ ಊರಿನಲ್ಲಿ ಗಾಳಿಯ ಒತ್ತಡ ಚೆನ್ನೈಗಿಂತ ಹತ್ತರಲ್ಲಿ ಒಂದು ಪಾಲು ಕಡಿಮೆ. ನೀರು 97 ಡಿಗ್ರಿಗೇ ಕುದಿಯುತ್ತದೆ. ಇದು ಅನ್ನಕ್ಕೆ, ಬೇಳೆಗೆ ತೊಡಕು. ಬ್ರೆಡ್ಡಿಗೆ ಅರ್ಧ ವರ. 10 ಗ್ರಾಂ ಗ್ಲೂಕೋಸನ್ನು ಈಸ್ಟ್ ಪೂರ್ತಿ ಮುಗಿಸಿದರೆ ಚೆನ್ನೈನಲ್ಲಿ ಸುಮಾರು 2.7 ಲೀಟರ್ ಅನಿಲ ಬಂದರೆ, ಇಲ್ಲಿ 3 ಲೀಟರ್ ಬರುತ್ತದೆ. ಅಣುಗಳ ಸಂಖ್ಯೆ ಅಷ್ಟೇ. ಮೇಲಿಂದ ಒತ್ತುವ ಗಾಳಿ ಕಡಿಮೆಯಾದ್ದರಿಂದ ಗುಳ್ಳೆ ದೊಡ್ಡದು. ಹಾಗಾಗಿ ಬೇರೆ ಊರಿನ ಪುಸ್ತಕ ‘ಒಂದೂವರೆ ಗಂಟೆ ಉಬ್ಬಲು ಬಿಡಿ’ ಎಂದರೆ ಬೆಂಗಳೂರಿನವರು ಗಡಿಯಾರ ನೋಡಬಾರದು, ಹಿಟ್ಟನ್ನು ನೋಡಬೇಕು. ಬೆರಳಿನಿಂದ ಒತ್ತಿದ ಗುಳಿ ನಿಧಾನವಾಗಿ ಅರ್ಧ ತುಂಬಿಕೊಂಡರೆ ಸರಿ. ತಟಕ್ಕನೆ ಮೇಲೆದ್ದರೆ ಇನ್ನೂ ಹೊತ್ತಿದೆ, ಏಳದೇ ಹೋದರೆ ಹೊತ್ತು ಮೀರಿದೆ. 2016ರ ಏಪ್ರಿಲ್‌ನಲ್ಲಿ ನಗರದ ಉಷ್ಣತೆ 39.2 ಡಿಗ್ರಿ ಮುಟ್ಟಿದ ದಿನ ಯಾವ ಪುಸ್ತಕದ ಸಮಯವೂ ನಡೆದಿರಲಾರದು.

ರಾಗಿಯ ಈ ಸೀಮೆಗೆ ಗೋಧಿ ಬ್ರೆಡ್ ಬಂದದ್ದು ಸೈನಿಕರ ಹೊಟ್ಟೆಗಾಗಿ. 1809ರಲ್ಲಿ ಹಲಸೂರಿನ ಪಕ್ಕ ಬ್ರಿಟಿಷ್ ದಂಡು ಬಂದು ಬಿಡಾರ ಹೂಡಿತು. ಗೋರಾ ಸೈನಿಕನ ಪಡಿತರದಲ್ಲಿ ದಿನಕ್ಕೆ ಒಂದು ಪೌಂಡ್ ಬ್ರೆಡ್, ಅಂದರೆ ಸುಮಾರು 450 ಗ್ರಾಂ. ‘ಅರ್ಧ ಪೌಂಡ್ ಬ್ರೆಡ್ ಕೊಡಿ’ ಎಂದು ಕೇಳುವ ಹಿರಿಯರು ದಂಡಿನ ಕಡೆ ಈಗಲೂ ಇದ್ದಾರೆ. ಮಾಸ್ಕ್ ರೋಡಿನ ಆಲ್ಬರ್ಟ್ ಬೇಕರಿ 1902ರಿಂದ ನಡೆದುಬಂದಿದೆ. ಅಲ್ಲಿ ಕ್ರೈಸ್ತರ ಶುಭ ಶುಕ್ರವಾರದ ಬನ್ನೂ ರಂಜಾನಿನ ಖೋವಾ ನಾನೂ ಭೇಜಾ ಪಫ್ಸೂ ಒಂದೇ ಸೂರಿನಡಿ ಬೇಯುತ್ತವೆ. ನೀಲಗಿರೀಸ್ ಅಂಗಡಿ 1905ರಲ್ಲಿ ನೀಲಗಿರಿ ಬೆಟ್ಟದಲ್ಲಿ ಹುಟ್ಟಿ 1936ರಲ್ಲಿ ಬ್ರಿಗೇಡ್ ರಸ್ತೆಗೆ ಬಂತು. ದಂಡಿನಿಂದ ಪೇಟೆಗೆ ಈ ವಿದ್ಯೆ ದಾಟಿದ ಕಥೆ ಇನ್ನೂ ಸ್ವಾರಸ್ಯ. ಹಾಸನ ಸೀಮೆಯ ಎಚ್.ಎಸ್. ತಿರುಮಲಾಚಾರ್ ಚಿಕ್ಕಪೇಟೆಯಲ್ಲಿ ಸಿಹಿತಿಂಡಿ ಅಂಗಡಿ ಇಟ್ಟಿದ್ದರು. ಅಲ್ಲಿಗೆ ಬರುತ್ತಿದ್ದ ವೆಸ್ಟ್ ಎಂಡ್ ಹೋಟೆಲಿನ ಇಂಗ್ಲಿಷರೊಬ್ಬರು ಅವರಿಗೆ ಬ್ರೆಡ್ ಮಾಡುವುದನ್ನು ಕಲಿಸಿದರು. 1898ರಲ್ಲಿ ಬೆಂಗಳೂರು ಬ್ರದರ್ಸ್ ಬೇಕರಿ, ಅಂದರೆ ಬಿ.ಬಿ. ಬೇಕರಿ ಶುರುವಾಯಿತು ಎಂಬುದು ಬೇಕರಿಯವರ ಮನೆಗಳಲ್ಲಿ ಬಳಕೆಯಲ್ಲಿರುವ ಕಥೆ. ಊರೂರಿನ ಅಯ್ಯಂಗಾರ್ ಬೇಕರಿಗಳ ವಂಶಾವಳಿ ಅಲ್ಲಿಂದ ಶುರು. ಕಥೆ ನಿಜವಾದರೆ, ಬೆಂಗಳೂರಿನ ಅತಿ ಫಲಪ್ರದ ಬೇಕರಿ ತರಗತಿ ಒಬ್ಬನೇ ಶಿಷ್ಯನಿಗೆ ನಡೆದದ್ದು.

ಆ ಶಿಷ್ಯನ ಮನೆಯಲ್ಲಿ ಹುದುಗು ಹೊಸದೇನೂ ಆಗಿರಲಿಲ್ಲ. ಇಡ್ಲಿ ಹಿಟ್ಟು ರಾತ್ರಿಯಿಡೀ ಉಬ್ಬುವುದು ಲ್ಯೂಕೊನಾಸ್ಟಾಕ್ ಮೊದಲಾದ ಬ್ಯಾಕ್ಟೀರಿಯಾಗಳಿಂದ. ಅಲ್ಲಿ ಗುಳ್ಳೆಗಳನ್ನು ಹಿಡಿದಿಡುವುದು ಉದ್ದಿನ ಪ್ರೋಟೀನು ಮತ್ತು ಅದರ ಲೋಳೆ. ಅಡುಗೆಮನೆಗೆ ಹೊಸದಾಗಿ ಬಂದದ್ದು ಎರಡೇ: ನಾಲ್ಕೂ ಕಡೆಯಿಂದ ಒಣ ಶಾಖ ಕೊಡುವ ಭಟ್ಟಿ ಮತ್ತು ಗ್ಲುಟೆನ್. ರಾಗಿಯಲ್ಲಿ ಗ್ಲುಟೆನ್ ಇಲ್ಲ. ಮುದ್ದೆ ಉಂಡೆಯಾಗಿ ನಿಲ್ಲುವುದು ಬೆಂದು ಹಿಗ್ಗಿದ ಪಿಷ್ಟದ ಬಲದಿಂದ. ಅದರೊಳಗೆ ಅನಿಲ ತುಂಬಿಸಿ ನಿಲ್ಲಿಸಲು ಸಾಧ್ಯವಿಲ್ಲ. ಉತ್ತರ ಕರ್ನಾಟಕದ ಜವೆ ಗೋಧಿಯಲ್ಲಿ ಗ್ಲುಟೆನ್ ಇದ್ದರೂ ಅದಕ್ಕೆ ಪುಟಿತ ಕಡಿಮೆ. ಮಾದಲಿಗೆ, ಹುಗ್ಗಿಗೆ ಅದು ರಾಜ, ಬ್ರೆಡ್ಡಿಗೆ ಒಗ್ಗುವುದಿಲ್ಲ.

ಗ್ಲುಟೆನ್ ಏನೆಂದು ನೋಡಬೇಕಿದ್ದರೆ ಇಟಲಿಯ ಬೊಲೊನ್ಯಾದ ವೈದ್ಯ ಯಾಕೊಪೊ ಬೆಕ್ಕಾರಿ 1728ರಲ್ಲಿ ವಿದ್ವಾಂಸರ ಮುಂದೆ ವಿವರಿಸಿದ ಪ್ರಯೋಗವನ್ನು ಮಾಡಿ. ಮೈದಾದ ಉಂಡೆಯೊಂದನ್ನು ಅರ್ಧ ಗಂಟೆ ನೆನೆಸಿ, ನಲ್ಲಿಯ ಸಣ್ಣ ಧಾರೆಯಲ್ಲಿ ಹಿಂಡುತ್ತಾ ಹೋಗಿ. ಬಿಳಿ ನೀರು ಹರಿದುಹೋಗುತ್ತದೆ, ಅದು ಪಿಷ್ಟ. ಕೊನೆಗೆ ಕೈಯಲ್ಲಿ ಉಳಿಯುವುದು ಬೂದು ಬಣ್ಣದ, ಎಳೆದರೆ ಹಿಗ್ಗಿ ಬಿಟ್ಟರೆ ಕುಗ್ಗುವ ಮುದ್ದೆ. ಬೆಕ್ಕಾರಿಯ ಕಾಲದವರು ಬೆರಗಾಗಿದ್ದು, ಪ್ರಾಣಿಗಳ ಮಾಂಸದ ಗುಣ ಸಸ್ಯವೊಂದರಲ್ಲಿ ಕಂಡಿತಲ್ಲ ಎಂದು. ದಾವಣಗೆರೆಯ ಹುಡುಗಿ ನಮ್ಮ ಪಾಠದಲ್ಲಿ ಇದನ್ನು ಮಾಡಿ, ಆ ಮುದ್ದೆಯನ್ನು ಭಟ್ಟಿಯಲ್ಲಿಟ್ಟಳು. ಅದು ಪೊಳ್ಳು ಚೆಂಡಾಗಿ ಉಬ್ಬಿ ಬಂತು. ಬ್ರೆಡ್ಡಿನ ಅಸ್ಥಿಪಂಜರವನ್ನು ಬೇರೆಯಾಗಿ ನೋಡಿದ ಹಾಗಾಯಿತು.

ಇದು ಎರಡು ಪ್ರೋಟೀನುಗಳ ಕೂಟ. ಗ್ಲುಟೆನಿನ್ ಉದ್ದುದ್ದದ ಸರಪಳಿಗಳಾಗಿ, ಗಂಧಕದ ಪರಮಾಣುಗಳ ನಡುವಿನ ಬಂಧಗಳಿಂದ ಒಂದಕ್ಕೊಂದು ತಗಲಿಕೊಂಡು ಪುಟಿತ ಕೊಡುತ್ತದೆ. ಗ್ಲಯಾಡಿನ್ ಸಣ್ಣದು, ಸರಪಳಿಗಳ ನಡುವೆ ಸೇರಿಕೊಂಡು ಹಿಟ್ಟು ಹರಿಯುವಂತೆ, ಹಿಗ್ಗುವಂತೆ ಮಾಡುತ್ತದೆ. ಒಣ ಮೈದಾದಲ್ಲಿ ಇವೆರಡೂ ಮುದುಡಿ ಕೂತಿರುತ್ತವೆ. ನೀರು ಸೇರಿದ ಮೇಲೆ ಬಿಚ್ಚಿಕೊಳ್ಳುತ್ತವೆ, ನಾದಿದಾಗ ಒಂದೇ ದಿಕ್ಕಿಗೆ ಹಾಸಿಕೊಳ್ಳುತ್ತವೆ. ಮಾಸ್ಟರ್ ಕಲಿಸಿದ ನಾದುವಿಕೆ ಚಪಾತಿ ಹಿಟ್ಟಿನ ಹಾಗಲ್ಲ. ಅಂಗೈ ಬುಡದಿಂದ ಹಿಟ್ಟನ್ನು ಕಲ್ಲಿನ ಮೇಲೆ ಮುಂದಕ್ಕೆ ಉಜ್ಜಿ ತಳ್ಳುವುದು, ಬೆರಳ ತುದಿಯಿಂದ ಹಿಂದಕ್ಕೆ ಮಡಚುವುದು, ಕಾಲು ತಿರುವು ತಿರುಗಿಸುವುದು, ಮತ್ತೆ ತಳ್ಳುವುದು. ಮೊದಲು ಹಿಟ್ಟು ಬೆರಳಿಗೆಲ್ಲ ಮೆತ್ತಿಕೊಳ್ಳುತ್ತದೆ. ಹೊಸಬರೆಲ್ಲ ಆಗ ಒಣ ಮೈದಾ ಕೇಳುತ್ತಾರೆ. ಮಾಸ್ಟರ್ ಕೊಡುವುದಿಲ್ಲ. ಸ್ವಲ್ಪ ಹೊತ್ತಿಗೆ ಹಿಟ್ಟು ತಾನಾಗಿ ಕೈ ಬಿಡುತ್ತದೆ, ಮೇಲ್ಮೈ ನುಣುಪಾಗುತ್ತದೆ, ಕಲ್ಲಿಗೆ ಬಡಿದರೆ ಸದ್ದೇ ಬದಲಾಗುತ್ತದೆ.

ಅಷ್ಟರಲ್ಲಿ ಬ್ಯಾಂಕಿನವರಿಗೆ ತೋಳು ಸೋತಿತು. “ಬಿಡಿ ಸಾರ್, ಅದೂ ಮಲಗಲಿ, ನೀವೂ ಚಾ ಕುಡೀರಿ” ಎಂದರು ಮಾಸ್ಟರ್. ಇದು ಬರೀ ಕನಿಕರವಲ್ಲ. ನೀರು ತಾಗಿದ ಹಿಟ್ಟನ್ನು ಸುಮ್ಮನೆ ಬಿಟ್ಟರೂ ಪ್ರೋಟೀನುಗಳು ತಮ್ಮಷ್ಟಕ್ಕೆ ಕೂಡಿಕೊಳ್ಳುತ್ತವೆ. ಎಳೆದ ಬಿಗಿ ಸಡಿಲವಾಗುತ್ತದೆ. ಫ್ರಾನ್ಸಿನ ಬ್ರೆಡ್ ತಜ್ಞ ರೇಮಂಡ್ ಕಾಲ್ವೆಲ್ 1970ರ ದಶಕದಲ್ಲಿ ಇದಕ್ಕೆ ಶಾಸ್ತ್ರದ ರೂಪ ಕೊಟ್ಟು ಹೆಸರಿಟ್ಟರು. ಹಿಟ್ಟನ್ನು ನೆನೆಯಲು ಬಿಟ್ಟರೆ ಚಪಾತಿ ಮೆತ್ತಗಾಗುತ್ತದೆ ಎಂದು ನಮ್ಮ ಮನೆಗಳಲ್ಲಿ ಎಲ್ಲರಿಗೂ ಗೊತ್ತಿರುವ ಸಂಗತಿಯೇ ಅದು. ಚಾ ಮುಗಿದ ಮೇಲೆ ನಿಂಬೆಗಾತ್ರದ ತುಂಡೊಂದನ್ನು ಎರಡೂ ಕೈಯ ಬೆರಳುಗಳ ನಡುವೆ ಮೆಲ್ಲಗೆ ನಾಲ್ಕು ದಿಕ್ಕಿಗೂ ಹಿಗ್ಗಿಸಿ ಬಾಗಿಲ ಬೆಳಕಿಗೆ ಹಿಡಿದೆವು. ಹರಿಯದೆ, ಆಚೆಯ ಬೆರಳಿನ ನೆರಳು ಕಾಣುವಷ್ಟು ತೆಳುವಾಯಿತು. ಗುಳ್ಳೆಗಳ ಗೋಡೆಯೂ ಇಷ್ಟೇ ತೆಳುವಾಗಿ ಹಿಗ್ಗಬೇಕು. ಇಲ್ಲಿ ಹರಿದರೆ ಭಟ್ಟಿಯಲ್ಲೂ ಹರಿಯುತ್ತದೆ.

ನಾದುವ ಶ್ರಮವನ್ನು, ಕಾಯುವ ಹೊತ್ತನ್ನು ರಾಸಾಯನಿಕದಿಂದ ಕೊಂಡುಕೊಳ್ಳುವ ದಾರಿಯೂ ಇತ್ತು. ಪೊಟ್ಯಾಸಿಯಂ ಬ್ರೋಮೇಟ್ ಗಂಧಕದ ಬಂಧಗಳನ್ನು ಬೇಗ ಬಿಗಿಸಿ ಬ್ರೆಡ್ಡನ್ನು ಎತ್ತರಕ್ಕೆ ಉಬ್ಬಿಸುತ್ತಿತ್ತು. ಪ್ರಾಣಿಗಳಲ್ಲಿ ಕ್ಯಾನ್ಸರ್ ತರುವುದು ಗೊತ್ತಿದ್ದರೂ ನಮ್ಮಲ್ಲಿ ಬಳಕೆ ನಿಂತದ್ದು ತಡವಾಗಿ. ದೆಹಲಿಯ ವಿಜ್ಞಾನ ಮತ್ತು ಪರಿಸರ ಕೇಂದ್ರ 2016ರಲ್ಲಿ ಪೇಟೆಯ ಬ್ರೆಡ್ಡುಗಳಲ್ಲಿ ಅದರ ಕುರುಹು ತೋರಿಸಿದ ಬೆನ್ನಿಗೇ ಆಹಾರ ಸುರಕ್ಷತಾ ಪ್ರಾಧಿಕಾರ ಅದನ್ನು ನಿಷೇಧಿಸಿತು. ಹಿಟ್ಟಿಗೆ ಎರಡು ಗಂಟೆ ಕೊಡಲು ಪುರುಸೊತ್ತಿಲ್ಲದವರ ಕಥೆ ಅದು.

ಭಟ್ಟಿಯ ವಿಷಯಕ್ಕೆ ಬರೋಣ. ಹಳೆಯ ದಂಡಿನ ಬೇಕರಿಗಳಲ್ಲಿ ಇದ್ದದ್ದು ಇಟ್ಟಿಗೆಯ ಕಮಾನಿನ ಸೌದೆ ಭಟ್ಟಿ. ಅದರಲ್ಲಿ ಬೆಂಕಿ ಉರಿಯುವಾಗ ಬ್ರೆಡ್ ಇಡುವುದಿಲ್ಲ. ಸೌದೆ ಉರಿಸಿ, ಇಟ್ಟಿಗೆಗೆ ಶಾಖ ಕುಡಿಸಿ, ಕೆಂಡ ಬೂದಿ ಎಳೆದು ಹಾಕಿ, ನೆಲವನ್ನು ಒದ್ದೆ ಗೋಣಿಯಿಂದ ಒರೆಸಿ, ಆಮೇಲೆ ಉದ್ದ ಹಿಡಿಯ ಮರದ ಹಲಗೆಯಿಂದ ಬ್ರೆಡ್ಡನ್ನು ಒಳಕ್ಕೆ ಜಾರಿಸುತ್ತಾರೆ. ಶಾಖ ಮೂರು ದಾರಿಯಲ್ಲಿ ಬರುತ್ತದೆ: ಕೆಳಗಿನ ಇಟ್ಟಿಗೆಯಿಂದ ನೇರ ತಾಗಿ, ಒಳಗೆ ಸುತ್ತುವ ಬಿಸಿ ಗಾಳಿಯಿಂದ, ಕಮಾನಿನಿಂದ ಸುರಿಯುವ ವಿಕಿರಣದಿಂದ. ಮೂರನೆಯದು ದೊಡ್ಡ ಪಾಲು. ವಿಕಿರಣ ಕೆಲ್ವಿನ್ ಉಷ್ಣತೆಯ ನಾಲ್ಕನೆಯ ಘಾತದಂತೆ ಏರುತ್ತದೆ. 300 ಡಿಗ್ರಿಯ ಇಟ್ಟಿಗೆ 200 ಡಿಗ್ರಿಯದಕ್ಕಿಂತ ಒಂದೂವರೆ ಪಟ್ಟು ಸುಡುತ್ತದೆ ಎಂದು ನಮಗನಿಸಬಹುದು. ಅದು ಚೆಲ್ಲುವ ಶಾಖ ನಿಜಕ್ಕೂ ಎರಡು ಪಟ್ಟಿಗಿಂತ ಹೆಚ್ಚು. ಎಲೆಕ್ಟ್ರಿಕ್ ಓವನ್ನಿನ ತೆಳು ತಗಡು ಬಾಗಿಲು ತೆರೆದೊಡನೆ ತಣ್ಣಗಾಗುತ್ತದೆ. ಅರ್ಧ ಟನ್ ಇಟ್ಟಿಗೆ ಅಷ್ಟು ಬೇಗ ಜಗ್ಗುವುದಿಲ್ಲ.

ಭಟ್ಟಿ ಆರುತ್ತಾ ಹೋಗುವ ಕ್ರಮವೇ ಬೇಕರಿಯ ದಿನಚರಿಯನ್ನು ಬರೆಯಿತು. ಅತಿ ಬಿಸಿ ಇರುವಾಗ ನಾನಿನಂಥ ಚಪ್ಪಟೆ ರೊಟ್ಟಿ, ಆಮೇಲೆ ಬ್ರೆಡ್ಡು, ಬನ್ನು; ಇನ್ನೂ ಇಳಿದ ಮೇಲೆ ಬೆಣ್ಣೆ ಬಿಸ್ಕತ್ತು, ಕೇಕು; ರಾತ್ರಿಯ ಉಳಿಕೆ ಶಾಖದಲ್ಲಿ ಹಿಂದಿನ ದಿನದ ಬ್ರೆಡ್ಡಿನ ಚೂರುಗಳು ಒಣಗಿ ರಸ್ಕ್ ಆಗುತ್ತವೆ. ಒಂದು ಹೊರೆ ಸೌದೆಯ ಶಾಖ ಎಲ್ಲೂ ಪೋಲಾಗುವುದಿಲ್ಲ. ಇಂಧನ ಉಳಿತಾಯದ ಬಗ್ಗೆ ಸಮ್ಮೇಳನ ಮಾಡುವವರು ಒಮ್ಮೆ ಇದನ್ನು ನೋಡಿದರೆ ಒಳ್ಳೆಯದು. ಭಟ್ಟಿಯ ಹದ ನೋಡಲು ಮಾಸ್ಟರ್ ಒಂದು ಹಿಡಿ ಮೈದಾವನ್ನು ನೆಲಕ್ಕೆ ಎಸೆದು ಎಣಿಸುತ್ತಾರೆ. ಕೂಡಲೇ ಕಪ್ಪಾದರೆ ಬ್ರೆಡ್ಡಿಗೆ ಹೆಚ್ಚು, ನಿಧಾನವಾಗಿ ಕಂದುಬಣ್ಣಕ್ಕೆ ತಿರುಗಿದರೆ ಸರಿ.

ಒಳಗೆ ಹೋದ ಹಿಟ್ಟಿಗೆ ಏನಾಗುತ್ತದೆ? ಮೊದಲ ಕೆಲವು ನಿಮಿಷ ಈಸ್ಟ್ ಸಾಯುವ ಮುನ್ನ ಹುಚ್ಚೆದ್ದು ಕೆಲಸ ಮಾಡುತ್ತದೆ, ನೀರಿನಲ್ಲಿ ಕರಗಿದ್ದ ಅನಿಲ ಹೊರಬರುತ್ತದೆ, ಆಲ್ಕೋಹಾಲ್ ಆವಿಯಾಗುತ್ತದೆ. ಬ್ರೆಡ್ ಎದ್ದುನಿಲ್ಲುವುದು ಆಗಲೇ. 60 ಡಿಗ್ರಿ ದಾಟಿದ ಮೇಲೆ ಪಿಷ್ಟದ ಕಣಗಳು ನೀರು ಹೀರಿ ಊದಿಕೊಳ್ಳುತ್ತವೆ, 70ರ ಮೇಲೆ ಗ್ಲುಟೆನ್ ಗಟ್ಟಿಯಾಗುತ್ತದೆ, ಆಕಾರ ನಿಲ್ಲುತ್ತದೆ. ಬ್ರೆಡ್ಡಿನ ನಡುಭಾಗ ಬೆಂಗಳೂರಿನಲ್ಲಿ 97 ಡಿಗ್ರಿಯನ್ನು ಎಂದೂ ಮೀರುವುದಿಲ್ಲ, ನೀರು ಮೀರಲು ಬಿಡುವುದಿಲ್ಲ. ಅದಕ್ಕೇ ಒಳಗೆ ಬಿಳಿ, ಮೆತ್ತಗೆ. ಹೊರಮೈಯಲ್ಲಿ ನೀರು ಆರಿದ ಮೇಲಷ್ಟೇ ಉಷ್ಣತೆ 140 ದಾಟುತ್ತದೆ. ಸಕ್ಕರೆ ಮತ್ತು ಅಮೈನೋ ಆಮ್ಲಗಳು ಕೂಡಿ ನೂರಾರು ಹೊಸ ಸಂಯುಕ್ತಗಳಾಗುವ ಕ್ರಿಯೆ ಅಲ್ಲಿ ಭರದಿಂದ ನಡೆಯುತ್ತದೆ. ಫ್ರಾನ್ಸಿನ ಲೂಯಿ ಕಾಮಿಲ್ ಮಯ್ಯಾರ್ 1912ರಲ್ಲಿ ವಿವರಿಸಿದ್ದು ಇದನ್ನೇ. ಬನ್ನಿನ ಮೇಲೆ ಹಾಲು, ಮೊಟ್ಟೆ ಸವರುವುದು ಈ ಕ್ರಿಯೆಗೆ ಎರಡೂ ಸರಕನ್ನು ಒದಗಿಸಲು. ಸಂಜೆ ಬೇಕರಿ ಮುಂದೆ ಕಾಲು ಕಟ್ಟಿಹಾಕುವ ಆ ಪರಿಮಳದಲ್ಲಿ ಮುಖ್ಯ ಪಾಲು 2-ಅಸಿಟೈಲ್-1-ಪಿರೊಲಿನ್ ಎಂಬ ಅಣುವಿನದು. ಬಾಸ್ಮತಿ ಅಕ್ಕಿಯ ಘಮಕ್ಕೂ ಅದೇ ಕಾರಣ. ಶಿವಾಜಿನಗರದ ಬಿರಿಯಾನಿ ಡೇಗು, ಪಕ್ಕದ ಬೇಕರಿಯ ಭಟ್ಟಿ, ಎರಡೂ ಒಂದೇ ಅಣುವನ್ನು ಬೀದಿಗೆ ಬಿಡುತ್ತಿರುತ್ತವೆ.

ಪಾಠದಲ್ಲಿ ಎಲ್ಲರೂ ಕಾದಿದ್ದದ್ದು ಪಫ್ಸಿಗೆ. ಅದರಲ್ಲಿ ಈಸ್ಟೂ ಇಲ್ಲ, ಸೋಡಾವೂ ಇಲ್ಲ. ಉಬ್ಬಿಸುವುದು ಬರೀ ನೀರು. ಮೈದಾ ಹಿಟ್ಟನ್ನು ಚೌಕವಾಗಿ ಲಟ್ಟಿಸಿ, ನಡುವೆ ಗಟ್ಟಿ ಕೊಬ್ಬಿನ ಹಾಳೆಯಿಟ್ಟು, ಲಕೋಟೆಯಂತೆ ಮುಚ್ಚಿ, ಉದ್ದಕ್ಕೆ ಲಟ್ಟಿಸಿ, ಮೂರು ಮಡಿಕೆ ಹಾಕುತ್ತಾರೆ. ತಣ್ಣಗೆ ಇಟ್ಟು, ತಿರುಗಿಸಿ, ಮತ್ತೆ ಲಟ್ಟಿಸಿ ಮೂರು ಮಡಿಕೆ. ಪ್ರತಿ ಬಾರಿ ಕೊಬ್ಬಿನ ಪದರಗಳು ಮೂರು ಪಟ್ಟಾಗುತ್ತವೆ: 3, 9, 27, 81. ನಮ್ಮ ಮಾಸ್ಟರ್ ನಾಲ್ಕಕ್ಕೆ ನಿಲ್ಲಿಸಿದರು. ಆರು ಬಾರಿ ಮಡಚಿದರೆ 729 ಆಗುತ್ತದಲ್ಲ, ಇನ್ನೂ ಚೆನ್ನಾಗಿರುತ್ತದಲ್ಲ ಎಂದು ಹಲಸೂರಿನವರೊಬ್ಬರು ಕೇಳಿದರು. “ಮಾಡ್ಬಹುದು ಮೇಡಂ. ಪದರ ಒಂದಕ್ಕೊಂದು ಅಂಟ್ಕೊಳ್ತದೆ, ಆಮೇಲೆ ಪಫ್ಸ್ ಅಲ್ಲ, ಬಿಸ್ಕತ್ತೇ” ಎಂದರು.

ಲೆಕ್ಕ ಹಾಕಿ ನೋಡಿ. ಕೊನೆಗೆ ಹಾಳೆಯ ದಪ್ಪ 4 ಮಿಲಿಮೀಟರ್ ಎಂದುಕೊಂಡರೆ, 81 ಪದರಗಳಲ್ಲಿ ಒಂದು ಜೋಡಿ ಹಿಟ್ಟು-ಕೊಬ್ಬಿಗೆ ಸಿಗುವುದು ಸುಮಾರು 50 ಮೈಕ್ರಾನ್. 729 ಪದರವಾದರೆ ಐದೂವರೆ ಮೈಕ್ರಾನ್. ಗೋಧಿ ಪಿಷ್ಟದ ದೊಡ್ಡ ಕಣವೇ 20ರಿಂದ 35 ಮೈಕ್ರಾನ್ ಅಗಲ. ಕಣಕ್ಕಿಂತ ತೆಳುವಾದ ಪದರ ನಿಲ್ಲುವುದಾದರೂ ಹೇಗೆ? ಪಿಷ್ಟದ ಕಣಗಳು ಕೊಬ್ಬಿನ ಹಾಳೆಯನ್ನು ತೂತು ಮಾಡಿ ಎರಡೂ ಬದಿಯ ಹಿಟ್ಟನ್ನು ಬೆಸೆದುಬಿಡುತ್ತವೆ. ಹೆಚ್ಚು ಸಲ ಮಡಚಬೇಕಾದರೆ ದಪ್ಪ ಹಾಳೆಯನ್ನೇ ಇಟ್ಟುಕೊಳ್ಳಬೇಕು. ಪದರಗಳು ಬೇರೆಬೇರೆಯಾಗಿ ಉಳಿದರೆ ಮಾತ್ರ ಭಟ್ಟಿಯಲ್ಲಿ ಹಿಟ್ಟಿನ ನೀರು ಆವಿಯಾಗಿ, ಕೊಬ್ಬಿನ ಹಾಳೆಗೆ ಬಡಿದು, ಮೇಲಿನ ಪದರವನ್ನು ಎತ್ತುತ್ತದೆ. ಒಂದು ಗ್ರಾಂ ನೀರು ಸಮುದ್ರಮಟ್ಟದಲ್ಲಿ ಸುಮಾರು 1.7 ಲೀಟರ್ ಆವಿಯಾಗುತ್ತದೆ. ಬೆಂಗಳೂರಿನಲ್ಲಿ ಅದಕ್ಕಿಂತಲೂ ತುಸು ಹೆಚ್ಚು.

ಇಲ್ಲೂ ಉಷ್ಣತೆಯದೇ ಆಟ. ಬೆಣ್ಣೆ 32ರಿಂದ 35 ಡಿಗ್ರಿಯಲ್ಲಿ ಕರಗುತ್ತದೆ, 25ಕ್ಕೇ ಜಿಗುಟಾಗುತ್ತದೆ. ಫ್ರಾನ್ಸಿನ ಚಳಿಗೆ ಒಗ್ಗಿದ ವಿಧಾನ ಏಪ್ರಿಲಿನ ಬೆಂಗಳೂರಿನಲ್ಲಿ ಲಟ್ಟಣಿಗೆಯ ಕೆಳಗೇ ಕರಗಿ ಹರಿಯುತ್ತದೆ. ನಮ್ಮ ಬೇಕರಿಗಳು ಇದಕ್ಕೆ ಕಂಡುಕೊಂಡ ಪರಿಹಾರ ವನಸ್ಪತಿ. 1937ರಿಂದ ಪೇಟೆಯಲ್ಲಿದ್ದ ಡಾಲ್ಡಾ ಗಟ್ಟಿಯಾಗಿ ನಿಲ್ಲುತ್ತಿತ್ತು, ಅಗ್ಗವೂ ಆಗಿತ್ತು, ‘ಶುದ್ಧ ಸಸ್ಯಾಹಾರಿ’ಯೂ ಹೌದು. ಎಣ್ಣೆಗೆ ಹೈಡ್ರೋಜನ್ ಸೇರಿಸಿ ಗಟ್ಟಿ ಮಾಡುವಾಗ ಹುಟ್ಟುವ ಟ್ರಾನ್ಸ್ ಕೊಬ್ಬು ಹೃದಯಕ್ಕೆ ಕೆಟ್ಟದ್ದು ಎಂಬುದು ತಡವಾಗಿ ತಿಳಿಯಿತು. 2022ರ ಜನವರಿಯಿಂದ ಎಣ್ಣೆ, ಕೊಬ್ಬುಗಳಲ್ಲಿ ಅದು ಶೇಕಡಾ 2ನ್ನು ಮೀರುವಂತಿಲ್ಲ. ಈಗ ಬೇಕರಿಗೆಂದೇ ಬರುವ ಮಾರ್ಗರಿನ್‌ಗಳು ಬೇರೆ ಉಪಾಯದಿಂದ ಗಟ್ಟಿಯಾಗಿವೆ. ನನ್ನ ಮಟ್ಟಿಗೆ ಡಿಸೆಂಬರಿನಲ್ಲಿ ಬೆಣ್ಣೆ ಪಫ್ಸ್ ಮಾಡುವುದು, ಏಪ್ರಿಲಿನಲ್ಲಿ ಬೇರೆ ಏನಾದರೂ ತಿನ್ನುವುದು ಒಳ್ಳೆಯ ದಾರಿ.

ಡಿಸೆಂಬರ್ ಎಂದರೆ ಕೇಕಿನ ಕಾಲವೂ ಹೌದು. ಕೆ.ಆರ್. ಪುರಂ ದಾಟಿದರೆ ಸಿಗುವ ವೈಟ್‌ಫೀಲ್ಡ್ 1882ರಲ್ಲಿ ಆಂಗ್ಲೋ ಇಂಡಿಯನ್ನರ ಬಡಾವಣೆಯಾಗಿ ಶುರುವಾದದ್ದು. ಅವರ ಕ್ರಿಸ್‌ಮಸ್ ಪ್ಲಮ್ ಕೇಕು ವಾರಗಟ್ಟಲೆ ಕೆಡದೆ ಇರುವುದಕ್ಕೆ ರಮ್ಮಿನಲ್ಲಿ ನೆನೆದ ಹಣ್ಣು ಅರ್ಧ ಕಾರಣ. ಇನ್ನರ್ಧ ಸಕ್ಕರೆ: ಅದು ನೀರನ್ನು ಹಿಡಿದಿಟ್ಟುಕೊಂಡು ಬೂಷ್ಟಿಗೆ ಸಿಗದಂತೆ ಮಾಡುತ್ತದೆ.

ಬ್ರೆಡ್ಡಿಗೆ ಆ ಭಾಗ್ಯವಿಲ್ಲ. ಮರುದಿನಕ್ಕೆ ಗಡುಸಾಗುತ್ತದೆ. ನೀರು ಆರಿ ಹೀಗಾಗುತ್ತದೆ ಎಂದು ನಾವೆಲ್ಲ ಅಂದುಕೊಂಡಿದ್ದೇವೆ. ಫ್ರಾನ್ಸಿನ ರಸಾಯನಶಾಸ್ತ್ರಜ್ಞ ಬೂಸಂಗೋ 1852ರಲ್ಲೇ ಇದು ಸುಳ್ಳೆಂದು ತೋರಿಸಿದ. ನೀರು ಒಂದಿಷ್ಟೂ ಹೋಗದಂತೆ ಮುಚ್ಚಿಟ್ಟ ಬ್ರೆಡ್ಡೂ ಗಡುಸಾಯಿತು, ಬಿಸಿ ಮಾಡಿದರೆ ಮತ್ತೆ ಮೆತ್ತಗಾಯಿತು. ಬೆಂದಾಗ ಸಡಿಲಗೊಂಡ ಪಿಷ್ಟದ ಅಣುಗಳು ತಣ್ಣಗಾಗುತ್ತಾ ಮತ್ತೆ ಸಾಲುಗಟ್ಟಿ ಹರಳಾಗುವುದೇ ಇದರ ಮೂಲ. ಆ ಹರಳಾಗುವಿಕೆ ಅತಿ ವೇಗವಾಗಿ ನಡೆಯುವುದು 4 ಡಿಗ್ರಿ ಆಸುಪಾಸಿನಲ್ಲಿ, ಅಂದರೆ ಸರಿಯಾಗಿ ಫ್ರಿಜ್ಜಿನೊಳಗೆ. ಫ್ರಿಜ್ಜು ಬೂಷ್ಟನ್ನು ತಡೆಯುತ್ತದೆ, ಬ್ರೆಡ್ಡನ್ನು ಮುದಿಯಾಗಿಸುತ್ತದೆ. ಒಂದೆರಡು ದಿನಕ್ಕಾದರೆ ಹೊರಗೇ ಇಡಿ. ಹೆಚ್ಚು ದಿನಕ್ಕಾದರೆ ಫ್ರೀಜರಿನಲ್ಲಿಡಿ. ಹಳೆಯ ಬನ್ನನ್ನು ಹೆಂಚಿನ ಮೇಲೆ ಬೆಣ್ಣೆ ಹಾಕಿ ಬಿಸಿ ಮಾಡುವ ಚಾ ಅಂಗಡಿಯವರು ಆ ಹರಳುಗಳನ್ನೇ ಕರಗಿಸುತ್ತಿರುವುದು.

ಇದನ್ನೆಲ್ಲ ಕೈಯಾರೆ ಕಲಿಯಬೇಕು ಎನ್ನುವವರಿಗೆ ಬೆಂಗಳೂರಿನಲ್ಲಿ ದಾರಿಗಳಿಗೆ ಕೊರತೆಯಿಲ್ಲ. ಹೆಬ್ಬಾಳದಲ್ಲಿ ಕೃಷಿ ವಿಶ್ವವಿದ್ಯಾಲಯದ ಬೇಕರಿ ತರಬೇತಿ ಘಟಕ ಬಹುಕಾಲದಿಂದ ಗೃಹಿಣಿಯರಿಗೆ, ಸ್ವಂತ ಉದ್ಯೋಗ ಬಯಸುವವರಿಗೆ ಕಿರು ಅವಧಿಯ ಪಾಠಗಳನ್ನು ನಡೆಸಿದೆ. ಹಿಟ್ಟಿನ ರಸಾಯನಶಾಸ್ತ್ರವನ್ನೇ ಬಯಸುವವರಿಗೆ 1950ರಲ್ಲಿ ಶುರುವಾದ ಮೈಸೂರಿನ ಆಹಾರ ಸಂಶೋಧನಾ ಸಂಸ್ಥೆ ಸಿಎಫ್‌ಟಿಆರ್‌ಐ ಇದೆ. ಇಂದಿರಾನಗರದ ಕೆಫೆಗಳಲ್ಲಿ ವಾರಾಂತ್ಯಕ್ಕೆ ಹುಳಿಹಿಟ್ಟಿನ ಬ್ರೆಡ್ ಕಲಿಸುವವರಿದ್ದಾರೆ, ಫ್ರೇಜರ್ ಟೌನು, ಕಾಕ್ಸ್ ಟೌನಿನ ಮನೆಗಳಲ್ಲಿ ಕ್ರಿಸ್‌ಮಸ್ ಹತ್ತಿರ ಬಂದಾಗ ಕೇಕು, ಕುಲ್‌ಕುಲ್ ಹೇಳಿಕೊಡುವವರಿದ್ದಾರೆ. ಶುಲ್ಕ ಕಟ್ಟುವ ಮುಂಚೆ ಅವರನ್ನು ಒಂದೇ ಮಾತು ಕೇಳಿ: ಹಿಟ್ಟನ್ನು ನಾವೇ ನಾದುತ್ತೇವಾ, ಇಲ್ಲ ಮೆಷಿನ್ ನಾದುವುದನ್ನು ನಿಂತು ನೋಡುತ್ತೇವಾ? ನೋಡುವುದಷ್ಟೇ ಎಂದರೆ ದುಡ್ಡು ಉಳಿಸಿ, ಒಂದು ಕಿಲೋ ಮೈದಾ ಮತ್ತು ಅಡುಗೆಯ ಥರ್ಮಾಮೀಟರು ತಂದು ಮನೆಯಲ್ಲೇ ಶುರುಮಾಡಿ.